ಎದೆಬಡಿತ ಸರಿಯಾಯ್ತು ಅಂತ ಮಾತ್ರೆ ನಿಲ್ಲಿಸಬಹುದಾ?

ನಾನು ಮೂಡುಬಿದಿರೆಯ ಒಂದು ಮೆಡಿಕಲ್ ಶಾಪ್‌ನಲ್ಲಿ ಫಾರ್ಮಾಸಿಸ್ಟ್. ಇವತ್ತು ನಾನು ಮಾತಾಡೋದು ಏಟ್ರಿಯಲ್ ಫಿಬ್ರಿಲೇಷನ್ ಬಗ್ಗೆ. ಚಿಕ್ಕದಾಗಿ ಎ-ಫಿಬ್ ಅನ್ನೋಣ.

ಇದು ವಯಸ್ಸಾದವರ ಕಾಯಿಲೆ, ನಮಗೆ ಯಾಕೆ ಅಂತ ಕೇಳ್ತೀರಾ? ಕೌಂಟರಿಗೆ ಬರೋದು ನೀವೇ ಅಲ್ವಾ! ಅಪ್ಪನ ಮಾತ್ರೆ ಸ್ಟ್ರಿಪ್‌ನ ಫೋಟೋ ಮೊಬೈಲ್‌ನಲ್ಲಿ ತೋರಿಸಿ, "ಇದು ಒಂದು ಸ್ಟ್ರಿಪ್ ಕೊಡಿ" ಅನ್ನೋದು ನೀವು. ಆಮೇಲೆ ಒಂದು ತಿಂಗಳು ಬರೋದಿಲ್ಲ. ಕೇಳಿದರೆ, "ಈಗ ಎದೆ ಡವಡವ ಅನ್ನೋದಿಲ್ಲ, ಹಾಗಾಗಿ ನಿಲ್ಲಿಸಿದ್ರು" ಅನ್ನುವ ಉತ್ತರ. ಈ ಉತ್ತರ ಎಷ್ಟು ಅಪಾಯದ್ದು ಅನ್ನೋದೇ ಇವತ್ತಿನ ವಿಷಯ.

ಮೊದಲು ಹೃದಯದ ಒಳಗೆ ಏನಾಗ್ತದೆ ನೋಡುವ. ಯಕ್ಷಗಾನದಲ್ಲಿ ಭಾಗವತರ ತಾಳಕ್ಕೆ ಚೆಂಡೆ, ಮದ್ದಳೆ ಎಲ್ಲ ಹೊಂದಿಕೊಂಡು ಹೋಗ್ತವೆ. ಹೃದಯದಲ್ಲೂ ಮೇಲಿನ ಬಲಕೋಣೆಯಲ್ಲಿ ಒಬ್ಬ ಭಾಗವತ ಇದ್ದಾನೆ, ಸೈನಸ್ ನೋಡ್ ಅಂತ. ಎ-ಫಿಬ್‌ನಲ್ಲಿ ಆ ಒಬ್ಬನ ಬದಲು ನೂರು ಜನ ಒಟ್ಟಿಗೆ ತಾಳ ಹಾಕಿದ ಹಾಗೆ. ಮೇಲಿನ ಕೋಣೆಗಳಲ್ಲಿ ನಿಮಿಷಕ್ಕೆ 350ಕ್ಕಿಂತ ಹೆಚ್ಚು ವಿದ್ಯುತ್ ಸಂಕೇತಗಳು ಓಡಾಡ್ತವೆ. ಕೋಣೆ ಬಡಿಯೋದಿಲ್ಲ, ಬರೀ ನಡುಗ್ತದೆ. ಕೆಳಗಿನ ಕೋಣೆಗಳು ಲೆಕ್ಕವೇ ಇಲ್ಲದೆ ಬಡಿಯುತ್ತವೆ. ಕೆಲವರಿಗೆ ಎದೆಬಡಿತ, ಸುಸ್ತು, ಏದುಸಿರು. ಇನ್ನು ಕೆಲವರಿಗೆ ಏನೂ ಗೊತ್ತೇ ಆಗೋದಿಲ್ಲ.

ನಡುಗುವ ಕೋಣೆಯಲ್ಲಿ ರಕ್ತ ನಿಂತ ನೀರಿನ ಹಾಗೆ ಆಗ್ತದೆ. ಎಡಗಡೆ ಮೇಲಿನ ಕೋಣೆಗೆ ಒಂದು ಸಣ್ಣ ಕಿಸೆ ಉಂಟು. ಅಲ್ಲಿ ರಕ್ತ ಹೆಪ್ಪುಗಟ್ಟಿ, ಆ ತುಂಡು ಮೆದುಳಿಗೆ ಹೋದರೆ ಪಾರ್ಶ್ವವಾಯು. ಎ-ಫಿಬ್ ಇದ್ದವರಿಗೆ ಸ್ಟ್ರೋಕ್ ಆಗುವ ಸಾಧ್ಯತೆ ಸುಮಾರು ಐದು ಪಟ್ಟು ಹೆಚ್ಚು.

ಈಗ ಮಾತ್ರೆಗೆ ಬರುವ. ಚೀಟಿಯಲ್ಲಿ ಮೂರು ಬಗೆ ಇರಬಹುದು. ಒಂದು, ವೇಗ ತಗ್ಗಿಸುವ ಮಾತ್ರೆ: ಮೆಟೊಪ್ರೊಲಾಲ್, ಡಿಲ್ಟಿಯಾಜೆಮ್, ಡಿಗಾಕ್ಸಿನ್. ಎರಡು, ತಾಳ ಸರಿಮಾಡುವ ಮಾತ್ರೆ: ಅಮಿಯೊಡರೋನ್, ಸೊಟಲಾಲ್, ಫ್ಲೆಕೈನೈಡ್, ಪ್ರೊಪಫೆನೋನ್. ಆಂಟಿ ಅರಿದ್ಮಿಕ್ ಅಂತ ಹೇಳೋದು ಹೆಚ್ಚಾಗಿ ಇವುಗಳಿಗೆ. ಮೂರು, ರಕ್ತ ಹೆಪ್ಪುಗಟ್ಟದ ಹಾಗೆ ನೋಡುವ ಮಾತ್ರೆ: ವಾರ್ಫರಿನ್, ಅಸಿನೊಕೌಮರಾಲ್, ಅಪಿಕ್ಸಬಾನ್, ಡಾಬಿಗಟ್ರಾನ್. ಒಂದರ ಕೆಲಸ ಇನ್ನೊಂದು ಮಾಡೋದಿಲ್ಲ. ಇದೊಂದು ನೆನಪಿಟ್ಟರೆ ಅರ್ಧ ಪಾಠ ಮುಗಿಯಿತು.

ತಾಳದ ಮಾತ್ರೆಯ ಕಥೆ ಚೆನ್ನಾಗಿದೆ. ಆಟಿ ಅಮಾವಾಸ್ಯೆಗೆ ನಾವು ಹಾಲೆ ಮರದ ತೊಗಟೆಯ ಕಹಿ ಕಷಾಯ ಕುಡೀತೇವಲ್ಲ, ಹಾಗೇ ಈ ಕಥೆ ಶುರುವಾಗೋದೂ ಒಂದು ಕಹಿ ತೊಗಟೆಯಿಂದ. ಮರ ಬೇರೆ, ಸಿಂಕೋನ. 1912ರಲ್ಲಿ ಒಬ್ಬ ಡಚ್ ವ್ಯಾಪಾರಿ ವೆಂಕೆಬಾಕ್ ಎಂಬ ವೈದ್ಯರ ಹತ್ತಿರ ಬಂದು, "ನನ್ನ ನಾಡಿ ನಾನೇ ಸರಿಮಾಡಿಕೊಳ್ಳಬಲ್ಲೆ" ಅಂದನಂತೆ. ಮರುದಿನ ನಿಜವಾಗಿ ಸರಿಯಾದ ನಾಡಿಯೊಂದಿಗೆ ಬಂದ. ತಗೊಂಡದ್ದು ಒಂದು ಗ್ರಾಂ ಕ್ವಿನೈನ್, ಮಲೇರಿಯಾ ಮದ್ದು! 1918ರಲ್ಲಿ ಫ್ರೈ ಎಂಬ ವೈದ್ಯರು ಅದೇ ತೊಗಟೆಯ ಕ್ವಿನಿಡಿನ್ ಇನ್ನೂ ಚೆನ್ನಾಗಿ ಕೆಲಸ ಮಾಡ್ತದೆ ಅಂತ ತೋರಿಸಿದರು. ಈಗ ಎ-ಫಿಬ್‌ಗೆ ಅದನ್ನು ಕೊಡೋದು ಅಪರೂಪ. ಯಾಕೆಂದರೆ ತಾಳ ಸರಿಮಾಡುವ ಮದ್ದೇ ಕೆಲವೊಮ್ಮೆ ಬೇರೆ ಅಪಾಯದ ತಾಳ ಎಬ್ಬಿಸಬಹುದು.

ಇದು ಬರೀ ಹೆದರಿಸುವ ಮಾತಲ್ಲ. 1989ರಲ್ಲಿ ಕ್ಯಾಸ್ಟ್ ಎಂಬ ಅಧ್ಯಯನದ ಫಲಿತಾಂಶ ಬಂತು. ಹೃದಯಾಘಾತ ಆಗಿದ್ದವರಿಗೆ ಫ್ಲೆಕೈನೈಡ್ ಗುಂಪಿನ ಮದ್ದು ಕೊಟ್ಟಾಗ ಇಸಿಜಿ ಚೆಂದ ಆಯ್ತು, ಆದರೆ ಸಾವು ಹೆಚ್ಚಾಯ್ತು. ಹಾಗಾಗಿ ಹೃದಯಾಘಾತ ಆದವರಿಗೆ, ಹೃದಯ ದುರ್ಬಲ ಇದ್ದವರಿಗೆ ಅದನ್ನು ಕೊಡೋದಿಲ್ಲ. ಪಕ್ಕದ ಮನೆಯವರಿಗೆ ಸರಿಹೋದ ಮಾತ್ರೆ ನಿಮ್ಮ ಅಮ್ಮನಿಗೆ ಯಾಕೆ ಕೊಡಬಾರದು ಅನ್ನೋದಕ್ಕೆ ಇದಕ್ಕಿಂತ ದೊಡ್ಡ ಉದಾಹರಣೆ ಬೇಡ.

ಅಮಿಯೊಡರೋನ್ ಇವುಗಳಲ್ಲಿ ಬಲಶಾಲಿ. ಆದರೆ ಅದರಲ್ಲಿ ಅಯೋಡಿನ್ ತುಂಬ ಉಂಟು, 200 ಮಿಲಿಗ್ರಾಂ ಮಾತ್ರೆಯಲ್ಲಿ ಸುಮಾರು 75 ಮಿಲಿಗ್ರಾಂ. ಥೈರಾಯ್ಡ್ ಏರುಪೇರು ಆಗಬಹುದು, ಲಿವರ್, ಕಣ್ಣು, ಶ್ವಾಸಕೋಶಕ್ಕೂ ತೊಂದರೆ ಬರಬಹುದು. ಥೈರಾಯ್ಡ್ ಮತ್ತು ಲಿವರ್ ಪರೀಕ್ಷೆ ಆರು ತಿಂಗಳಿಗೊಮ್ಮೆ ಮಾಡಿಸಬೇಕು. ಒಣಕೆಮ್ಮು, ಏದುಸಿರು ಬಂದರೆ ಕೆಮ್ಮಿನ ಸಿರಪ್ ಕೇಳಿಕೊಂಡು ನನ್ನ ಹತ್ತಿರ ಬರಬೇಡಿ, ಡಾಕ್ಟರ ಹತ್ತಿರ ಹೋಗಿ. ಬಿಸಿಲಿಗೆ ಚರ್ಮ ಸುಡ್ತದೆ. ಅಂಗಳದಲ್ಲಿ ಅಡಿಕೆ ಒಣಗಿಸುವವರು ತುಂಬುತೋಳಿನ ಅಂಗಿ, ಟೊಪ್ಪಿ ಹಾಕಿಕೊಳ್ಳಿ. ಈ ಮದ್ದು ದೇಹದಿಂದ ಹೋಗಲು ವಾರಗಳು, ತಿಂಗಳುಗಳೇ ಬೇಕು. ನಿಲ್ಲಿಸಿದ ಮೇಲೂ ವಾರ್ಫರಿನ್, ಡಿಗಾಕ್ಸಿನ್ ಜೊತೆಗಿನ ಅದರ ಜಗಳ ಮುಂದುವರಿಯುತ್ತದೆ.

ಈಗ ಮೊದಲಿನ ಪ್ರಶ್ನೆ. 2002ರಲ್ಲಿ ಅಫರ್ಮ್ ಎಂಬ ಅಧ್ಯಯನ ಬಂತು, 4,060 ಜನರ ಮೇಲೆ. ತಾಳ ಸರಿಮಾಡಿದವರು, ಬರೀ ವೇಗ ತಗ್ಗಿಸಿಕೊಂಡವರಿಗಿಂತ ಹೆಚ್ಚು ಬದುಕಲಿಲ್ಲ. ಅದಕ್ಕಿಂತ ಮುಖ್ಯ ವಿಷಯ ಕೇಳಿ: ಎರಡೂ ಗುಂಪಿನಲ್ಲಿ ಸ್ಟ್ರೋಕ್ ಆದವರಲ್ಲಿ ಹೆಚ್ಚಿನವರು ವಾರ್ಫರಿನ್ ನಿಲ್ಲಿಸಿದ್ದರು, ಇಲ್ಲವೇ ಅದರ ಪ್ರಮಾಣ ಸಾಲದೆ ಇತ್ತು. ತಾಳ ಸರಿಯಾಯ್ತು ಅಂತ ರಕ್ತದ ಮಾತ್ರೆ ಬಿಟ್ಟರೆ ಆಗುವುದು ಇದೇ. 2020ರ ಈಸ್ಟ್ ಎಂಬ ಅಧ್ಯಯನ, ಕಾಯಿಲೆ ಗೊತ್ತಾದ ಒಂದು ವರ್ಷದೊಳಗೆ ತಾಳ ಸರಿಮಾಡಲು ಶುರುಮಾಡಿದರೆ ಲಾಭ ಉಂಟು ಅಂತ ತೋರಿಸಿತು. ಆದರೆ ಅಲ್ಲೂ ಹೆಚ್ಚಿನವರು ರಕ್ತದ ಮಾತ್ರೆ ಬಿಟ್ಟಿರಲಿಲ್ಲ. ಅದು ಬೇಕಾ ಬೇಡವಾ ಅಂತ ನಿರ್ಧರಿಸೋದು ವಯಸ್ಸು, ಬಿಪಿ, ಶುಗರ್, ಹಿಂದೆ ಆದ ಸ್ಟ್ರೋಕ್ ನೋಡಿ. ಇವತ್ತು ಎದೆ ಹೇಗೆ ಬಡೀತದೆ ಅಂತ ನೋಡಿ ಅಲ್ಲ.

ನಮ್ಮ ದೇಶದಲ್ಲಿ ಇನ್ನೊಂದು ಗುಂಪು ಉಂಟು. ಚಿಕ್ಕಂದಿನಲ್ಲಿ ರುಮ್ಯಾಟಿಕ್ ಜ್ವರ ಬಂದು ಹೃದಯದ ಕವಾಟ ಕಿರಿದಾದವರು, ಅದರಲ್ಲಿ ಹೆಂಗಸರು ಹೆಚ್ಚು. ಇವರಿಗೆ ಎ-ಫಿಬ್ ಮೂವತ್ತು, ನಲವತ್ತರಲ್ಲೇ ಬರಬಹುದು. ಹೊಸ ಮಾತ್ರೆ ಸುಲಭ ಅಂತ ಅನಿಸಬಹುದು, ಆದರೆ 2022ರ ಇನ್ವಿಕ್ಟಸ್ ಅಧ್ಯಯನದಲ್ಲಿ ಇವರಿಗೆ ರಿವರೊಕ್ಸಬಾನ್‌ಗಿಂತ ಹಳೇ ವಾರ್ಫರಿನ್ ಗುಂಪಿನ ಮದ್ದೇ ಹೆಚ್ಚು ಜೀವ ಉಳಿಸಿತು. ವಾರ್ಫರಿನ್ ತಗೊಳ್ಳುವವರು ಮಗು ಬೇಕು ಅಂತಿದ್ದರೆ ಮೊದಲೇ ಡಾಕ್ಟರಿಗೆ ಹೇಳಲೇಬೇಕು.

ವಾರ್ಫರಿನ್ ಅಂದರೆ ಐಎನ್‌ಆರ್ ರಕ್ತಪರೀಕ್ಷೆ. ಸಾಮಾನ್ಯವಾಗಿ 2ರಿಂದ 3ರ ಒಳಗೆ ಇರಬೇಕು. ಸೊಪ್ಪಿನ ವಿಟಮಿನ್ ಕೆ ಇದನ್ನು ಇಳಿಸ್ತದೆ. ಹಾಗಂತ ಬಸಳೆ, ಹರಿವೆ ಬಿಡಬೇಕಾಗಿಲ್ಲ ಮಾರಾಯ್ರೆ. ವಾರವಾರವೂ ಹೆಚ್ಚುಕಡಿಮೆ ಒಂದೇ ಅಳತೆ ಇರಲಿ. ವರ್ಷವಿಡೀ ತಿನ್ನದೆ ಆಟಿಯಲ್ಲಿ ಒಮ್ಮೆಲೇ ಪತ್ರೊಡೆ, ತಜಂಕು, ನುಗ್ಗೆಸೊಪ್ಪು ಅಂತ ಶುರುಮಾಡಿದರೆ ಲೆಕ್ಕ ತಪ್ಪುತ್ತದೆ. ಇನ್ನೊಂದು, ಮಂಡಿನೋವಿಗೆ ಡೈಕ್ಲೋಫೆನಾಕ್, ಐಬುಪ್ರೊಫೆನ್ ನೀವಾಗಿ ತಗೊಂಡು ಕೊಡಬೇಡಿ. ರಕ್ತದ ಮಾತ್ರೆಯ ಜೊತೆ ಸೇರಿದರೆ ಹೊಟ್ಟೆಯಲ್ಲಿ ರಕ್ತಸ್ರಾವ ಆಗಬಹುದು. ಕಪ್ಪು ಮಲ ಕಂಡರೆ ಕಾಯಬೇಡಿ.

ಇದನ್ನು ಪತ್ತೆ ಮಾಡೋದು ಹೇಗೆ? ಮನೆಯಲ್ಲಿ ಹಿರಿಯರ ಮಣಿಕಟ್ಟಿನ ನಾಡಿ ಒಂದು ನಿಮಿಷ ಹಿಡಿದು ನೋಡಿ. ಎಣಿಕೆಗಿಂತ ತಾಳ ಮುಖ್ಯ. ಏರುಪೇರು ಅನಿಸಿದರೆ ಇಸಿಜಿ ಮಾಡಿಸಿ. ಸ್ಮಾರ್ಟ್ ವಾಚ್ ಹೇಳಿದ್ದು ಸುಳಿವು ಮಾತ್ರ, ತೀರ್ಪು ಇಸಿಜಿಯದ್ದು. ಮಂಗಳೂರಿನ ಹೃದ್ರೋಗ ತಜ್ಞ ಡಾ. ಪದ್ಮನಾಭ ಕಾಮತ್ ಅವರ 'ಕಾರ್ಡಿಯಾಲಜಿ ಅಟ್ ಡೋರ್‌ಸ್ಟೆಪ್ಸ್' ಹಳ್ಳಿಯ ವೈದ್ಯರ ಕೈಗೆ ಇಸಿಜಿ ಮೆಷಿನ್ ಕೊಟ್ಟು, ವಾಟ್ಸ್‌ಆಪ್‌ನಲ್ಲೇ ತಜ್ಞರ ಸಲಹೆ ಸಿಗುವ ಹಾಗೆ ಮಾಡಿದೆ. ನಮ್ಮೂರಿನಂಥ ಕಡೆ ಮೊದಲ ಇಸಿಜಿಗೆ ಮಂಗಳೂರು ಬಸ್ಸೇ ಹತ್ತಬೇಕಾಗಿಲ್ಲ.

ಕೊನೆಗೆ ಒಂದು. ಮುಖ ಸೊಟ್ಟಗಾದರೆ, ಒಂದು ಕೈ ಬಿದ್ದರೆ, ಮಾತು ತೊದಲಿದರೆ, ಕೂಡಲೇ 108ಕ್ಕೆ ಫೋನ್ ಮಾಡಿ. ಹೆಪ್ಪು ಕರಗಿಸುವ ಇಂಜೆಕ್ಷನ್‌ಗೆ ಇರುವ ಸಮಯ ನಾಲ್ಕೂವರೆ ಗಂಟೆ. ರಕ್ತದ ಮಾತ್ರೆ ತಗೊಳ್ಳುವವರಾದರೆ ಅದರ ಹೆಸರು, ಕೊನೆಗೆ ತಗೊಂಡ ಹೊತ್ತು ಎರಡನ್ನೂ ಆಸ್ಪತ್ರೆಯಲ್ಲಿ ಹೇಳಬೇಕು.

ಹಾಗಾಗಿ ಇವತ್ತು ರಾತ್ರಿ ಒಂದು ಕೆಲಸ ಮಾಡಿ. ಅಪ್ಪ, ಅಮ್ಮ, ಅಜ್ಜ, ಅಜ್ಜಿ, ಯಾರಿಗೆ ಎ-ಫಿಬ್ ಉಂಟೋ ಅವರ ಎಲ್ಲ ಸ್ಟ್ರಿಪ್‌ಗಳ ಫೋಟೋ ತೆಗೆದು ಮೊಬೈಲ್‌ನಲ್ಲಿ ಇಟ್ಟುಕೊಳ್ಳಿ. ಯಾವುದು ವೇಗಕ್ಕೆ, ಯಾವುದು ತಾಳಕ್ಕೆ, ಯಾವುದು ರಕ್ತಕ್ಕೆ ಅಂತ ಪಕ್ಕದಲ್ಲಿ ಬರೆಯಿರಿ. ಗೊತ್ತಾಗದಿದ್ದರೆ ನಿಮ್ಮ ಹತ್ತಿರದ ಫಾರ್ಮಾಸಿಸ್ಟ್‌ಗೆ ಕೇಳಿ, ನಾವು ಅಲ್ಲಿ ಕೂತಿರೋದೇ ಅದಕ್ಕೆ. ನಿಲ್ಲಿಸುವ ಮಾತು ಬಂದರೆ ಮಾತ್ರ ಬರೆದುಕೊಟ್ಟ ಡಾಕ್ಟರನ್ನೇ ಕೇಳಿ.