ಹೆಸರಿಸಿದ್ದು ಒಂದು, ಕಾಣೆಯಾದದ್ದು ಇನ್ನೊಂದು

ವಿಂಡೋಸ್‌ನಲ್ಲಿ ಪೈಥಾನ್ ಕಲಿಯುವವರಿಗೆ ಒಂದಲ್ಲ ಒಂದು ದಿನ ಎದುರಾಗುವ ದೂರು ಇದು: 'ಡಿಎಲ್ಎಲ್ ಲೋಡ್ ಫೇಲ್ಡ್', ಹೇಳಿದ ಮಾಡ್ಯೂಲ್ ಸಿಗಲಿಲ್ಲ. ಫೋಲ್ಡರ್ ತೆರೆದು ನೋಡಿದರೆ ಫೈಲ್ ಅಲ್ಲೇ ಇರುತ್ತದೆ. ಕಣ್ಣೆದುರು ಇರುವುದನ್ನೇ ಇಲ್ಲ ಎನ್ನುತ್ತದಲ್ಲ ಎಂದು ಹೊಸಬರು ಕಂಗಾಲಾಗುತ್ತಾರೆ. ಅಲ್ಲಿಗೇ ಕೈಚೆಲ್ಲಿದವರನ್ನೂ ನಾನು ಕಂಡಿದ್ದೇನೆ. ಅವರಿಗೆ ಯಾರಾದರೂ ಒಂದೇ ಒಂದು ಮಾತು ಹೇಳಿದ್ದರೆ ಸಾಕಿತ್ತು: ದೂರಿನಲ್ಲಿರುವ ಹೆಸರು ಒಂದು, ನಿಜಕ್ಕೂ ಕಾಣೆಯಾಗಿರುವುದು ಇನ್ನೊಂದು.

ಪೈಥಾನ್, ಪಿಎಚ್‌ಪಿಗಳಂಥ ಸ್ಕ್ರಿಪ್ಟಿಂಗ್ ಭಾಷೆಗಳು ಭಾರದ ಕೆಲಸವನ್ನು ಸಿ ಭಾಷೆಯಲ್ಲಿ ಬರೆದು ಕಂಪೈಲ್ ಮಾಡಿದ ಎಕ್ಸ್‌ಟೆನ್ಶನ್‌ಗಳಿಗೆ ಒಪ್ಪಿಸುತ್ತವೆ. ಪೈಥಾನಿನಲ್ಲಿ ಅಂಥ ಫೈಲಿನ ಹೆಸರು 'ಪಿವೈಡಿ' ಎಂದು ಮುಗಿಯುತ್ತದೆ. ಹೆಸರು ಬೇರೆಯಾದರೂ ಒಳಗಿರುವುದು ಡಿಎಲ್ಎಲ್ಲೇ, ಅಂದರೆ ಬೇರೆ ಪ್ರೋಗ್ರಾಂಗಳು ಬೇಕಾದಾಗ ಎತ್ತಿಕೊಳ್ಳುವ ಕೋಡ್ ಫೈಲ್. ಆ ಫೈಲಿನೊಳಗಿನ ಮೊದಲ ಎರಡು ಅಕ್ಷರ 'ಎಂ', 'ಜೆಡ್'. ಡಾಸ್ ಕಾಲದ ಮೈಕ್ರೋಸಾಫ್ಟ್ ಇಂಜಿನಿಯರ್ ಮಾರ್ಕ್ ಜ್ಬಿಕೋವ್‌ಸ್ಕಿ ಅವರ ಇನಿಷಿಯಲ್ ಅದು. ಇಂದಿಗೂ ವಿಂಡೋಸ್‌ನ ಪ್ರತಿ ಪ್ರೋಗ್ರಾಂ ಫೈಲಿನ ತಲೆಯ ಮೇಲಿದೆ. ಅದೇ ಫೈಲಿನೊಳಗೆ ಒಂದು ಪಟ್ಟಿಯೂ ಇರುತ್ತದೆ: ನಾನು ಕೆಲಸ ಮಾಡಬೇಕಾದರೆ ಇಂತಿಂಥ ಡಿಎಲ್ಎಲ್‌ಗಳು ಬೇಕು ಎಂದು. ಅವುಗಳಿಗೂ ತಮ್ಮದೇ ಪಟ್ಟಿ. ಈ ಸರಪಳಿಯಲ್ಲಿ ಒಂದು ಕೊಂಡಿ ಸಿಗದಿದ್ದರೂ ವಿಂಡೋಸ್ ಕೊಡುವುದು 126 ಎಂಬ ಎರರ್ ಸಂಖ್ಯೆ ಮಾತ್ರ. ಯಾವ ಕೊಂಡಿ ಎಂದು ಹೇಳುವುದಿಲ್ಲ. ಪೈಥಾನ್ ಪಾಪ, ತನಗೆ ಗೊತ್ತಿರುವ ಮೊದಲ ಹೆಸರನ್ನೇ ನಮಗೆ ಒಪ್ಪಿಸುತ್ತದೆ.

ಪಿಎಚ್‌ಪಿಯ 'ಕರ್ಲ್' ಎಕ್ಸ್‌ಟೆನ್ಶನ್ಅನ್ನು ಉದಾಹರಣೆಯಾಗಿ ನೋಡೋಣ. ಅದಕ್ಕೆ 'ಲಿಬ್‌ಎಸ್‌ಎಸ್‌ಎಚ್2' ಮುಂತಾದ ಡಿಎಲ್ಎಲ್‌ಗಳು ಬೇಕು. ಅವು ಪಿಎಚ್‌ಪಿ ಫೋಲ್ಡರಿನಲ್ಲೇ ಇರುತ್ತವೆ. ಕಮಾಂಡ್ ಪ್ರಾಂಪ್ಟಿನಲ್ಲಿ ಓಡಿಸಿದರೆ ಕರ್ಲ್ ಸಲೀಸಾಗಿ ನಡೆಯುತ್ತದೆ. ಅದೇ ಪಿಎಚ್‌ಪಿಯನ್ನು ಅಪಾಚಿ ಸರ್ವರ್ ಮಾಡ್ಯೂಲಾಗಿ ಓಡಿಸಿದಾಗ ಮುಷ್ಕರ ಹೂಡುತ್ತದೆ. ಕಾರಣ ಸರಳ. ವಿಂಡೋಸ್ ಹುಡುಕಾಟ ಶುರುವಾಗುವುದು ಓಡುತ್ತಿರುವ ಪ್ರೋಗ್ರಾಂ ಇರುವ ಫೋಲ್ಡರಿನಿಂದ. ಮೊದಲ ಸಲ ಅದು ಪಿಎಚ್‌ಪಿಯದು, ಎರಡನೆಯ ಸಲ ಅಪಾಚಿಯದು. ಪಿಎಚ್‌ಪಿ ಫೋಲ್ಡರನ್ನು ವಿಂಡೋಸ್ ಹುಡುಕುವ ಫೋಲ್ಡರುಗಳ 'ಪಾತ್' ಪಟ್ಟಿಗೆ ಸೇರಿಸಿ ಸರ್ವರನ್ನು ಮತ್ತೆ ಶುರುಮಾಡಿದರೆ ದೂರು ಮುಗಿಯುತ್ತದೆ.

ಪೈಥಾನಿಗೆ ಈ ಮದ್ದು ಈಗ ನಡೆಯದು. 2019ರ ಅಕ್ಟೋಬರಿನಲ್ಲಿ ಬಂದ 3.8ನೇ ಆವೃತ್ತಿಯಿಂದ ಎಕ್ಸ್‌ಟೆನ್ಶನ್‌ಗಳಿಗೆ ಬೇಕಾದ ಡಿಎಲ್ಎಲ್‌ಗಳನ್ನು ಅದು 'ಪಾತ್'ನಲ್ಲಿ ಹುಡುಕುವುದಿಲ್ಲ. ಬೇಕಾದ ಫೋಲ್ಡರನ್ನು 'ಆಡ್ ಡಿಎಲ್ಎಲ್ ಡೈರೆಕ್ಟರಿ' ಎಂಬ ಫಂಕ್ಷನ್ ಮೂಲಕ ನಾವೇ ತಿಳಿಸಬೇಕು. ಇದು ಕಿರಿಕಿರಿ ಎಂದು ಗೊಣಗಿದವರು ಬಹಳ. ನನಗೆ ಇದು ಸರಿಯಾದ ತೀರ್ಮಾನ ಎನಿಸುತ್ತದೆ. ಹುಡುಕುವ ಜಾಗ ಹೆಚ್ಚಿದಷ್ಟೂ ಅದೇ ಹೆಸರಿನ ಕಳ್ಳ ಫೈಲನ್ನು ನಡುವೆ ತೂರಿಸುವವರಿಗೆ ದಾರಿ ಸುಲಭ.

32 ಬಿಟ್ ಪೈಥಾನಿಗೆ 64 ಬಿಟ್ ಫೈಲ್ ಕೊಟ್ಟರೆ ಬರುವ ಎರರ್ ಸಂಖ್ಯೆ 126 ಅಲ್ಲ, 193. ಆಗ ಫೈಲ್ ಸಿಕ್ಕಿದೆ, ಒಗ್ಗುತ್ತಿಲ್ಲ ಎಂದರ್ಥ.

ಕನ್ನಡಿಗರಿಗೇ ಸಂಬಂಧಿಸಿದ ಒಂದು ಮಾತು. ವಿಂಡೋಸ್‌ನಲ್ಲಿ ಕನ್ನಡಕ್ಕೆ ಸಿಸ್ಟಂ ಮಟ್ಟದ ಹಳೆಯ ಕಾಲದ ಕೋಡ್ ಪೇಜ್ (ಅಕ್ಷರಗಳ ಸಂಕೇತ ಪಟ್ಟಿ) ಇಲ್ಲ, ಯುನಿಕೋಡ್ ಮಾತ್ರ. ಹಾಗಾಗಿ ಫೋಲ್ಡರಿಗೆ ಕನ್ನಡದಲ್ಲಿ ಹೆಸರಿಟ್ಟರೆ, ಹಳೆಯ ರೀತಿಯಲ್ಲಿ ಬರೆದ ಕೆಲವು ಸಿ ಲೈಬ್ರರಿಗಳಿಗೆ ಆ ದಾರಿಯೇ ಕಾಣುವುದಿಲ್ಲ. ತಪ್ಪು ನಮ್ಮ ಲಿಪಿಯದಲ್ಲ, ಆ ಲೈಬ್ರರಿಯದು. ಅಂಥದ್ದು ಕಂಡರೆ ಅದನ್ನು ಬರೆದವರಿಗೆ ತಿಳಿಸಿ. ತಿಳಿಸಿದರೆ ತಾನೇ ತಿದ್ದುವುದು.

ಮತ್ತೆ ಸರಪಳಿಯ ಮಾತಿಗೆ ಬರೋಣ. ಕಾಣೆಯಾದ ಕೊಂಡಿಯನ್ನು ಪತ್ತೆ ಮಾಡಲು 'ಡಿಪೆಂಡೆನ್ಸೀಸ್' ಎಂಬ ಉಚಿತ ಸಲಕರಣೆ ಇದೆ. ಫೈಲನ್ನು ಅದರಲ್ಲಿ ತೆರೆದರೆ ಇಡೀ ಸರಪಳಿ ಬಿಚ್ಚಿಕೊಳ್ಳುತ್ತದೆ. ಎಷ್ಟೋ ಸಲ ಕಾಣೆಯಾಗಿರುವುದು 'ವಿಸಿರನ್‌ಟೈಮ್140'. ಮೈಕ್ರೋಸಾಫ್ಟಿನ ವಿಷುಯಲ್ ಸಿ++ ರೀಡಿಸ್ಟ್ರಿಬ್ಯೂಟಬಲ್ ಹಾಕಿಕೊಂಡರೆ ಅದು ಬರುತ್ತದೆ. ನಿಮ್ಮಲ್ಲಿ ನನ್ನ ವಿನಂತಿ ಇಷ್ಟೇ: ಬಿಡಿ ಡಿಎಲ್ಎಲ್ ಹಂಚುವ ಹಿನ್ನೆಲೆ ಗೊತ್ತಿಲ್ಲದ ತಾಣಗಳಿಂದ ಫೈಲ್ ತಂದು ಸಿಸ್ಟಂ32 ಫೋಲ್ಡರಿಗೆ ಹಾಕಬೇಡಿ. ಅದನ್ನು ತಯಾರಿಸಿದವರಿಂದಲೇ ಪಡೆಯಿರಿ.