40 ಲೀಟರ್ ಮರದ ನೀರು, ಒಂದು ಲೀಟರ್ ಮೇಪಲ್ ಸಿರಪ್

ನಾನು ಮಾತಾಡ್ತಾ ಇರೋದು ಕೆನಡಾದ ಒಂಟಾರಿಯೋ ಪ್ರಾಂತ್ಯದಿಂದ. ರಾಜಧಾನಿ ಒಟ್ಟಾವಾದ ಪಕ್ಕದಲ್ಲೇ ಲ್ಯಾನಾರ್ಕ್ ಕೌಂಟಿ ಅಂತ ಒಂದು ಪ್ರದೇಶ ಇದೆ. ಒಂಟಾರಿಯೋದ ಮೇಪಲ್ ಸಿರಪ್ ರಾಜಧಾನಿ ಅಂತ ತನ್ನನ್ನು ತಾನೇ ಕರ್ಕೊಳ್ಳುತ್ತೆ. ನಮ್ಮ ಮನೆ ಹಿತ್ತಲಲ್ಲಿ ಎರಡು ಮೇಪಲ್ ಮರ ಇವೆ. ಪ್ರತಿ ವರ್ಷ ಚಳಿಗಾಲ ಮುಗಿಯೋ ಹೊತ್ತಿಗೆ ಅವುಗಳಿಂದ ರಸ ಇಳಿಸಿ ಮನೆಯಲ್ಲೇ ಸಿರಪ್ ಮಾಡ್ತೀವಿ. ಇವತ್ತು ಅದರ ಬಗ್ಗೆ.

ಪ್ಯಾನ್‌ಕೇಕ್ ಮೇಲೆ ಸುರಿಯೋ ಆ ಕಂದು ಬಣ್ಣದ ಸಿರಪ್ ನೋಡಿದವರು, ಮರದಿಂದ ಹಾಗೇ ಜೇನಿನ ಥರ ಸುರಿಯುತ್ತೆ ಅಂದ್ಕೊಳ್ತಾರೆ. ಇಲ್ಲ. ಮರದಿಂದ ಬರೋದು ನೀರು. ನೋಡೋಕೆ ನಲ್ಲಿ ನೀರಿಗೂ ಅದಕ್ಕೂ ವ್ಯತ್ಯಾಸ ಗೊತ್ತಾಗಲ್ಲ. ಬಾಯಿಗೆ ಹಾಕ್ಕೊಂಡರೆ ಎಲ್ಲೋ ಒಂದು ಚೂರು ಸಿಹಿ. ಅದರಲ್ಲಿ ಸಕ್ಕರೆ ಅಂಶ ಸುಮಾರು ಶೇ 2, ಅಷ್ಟೇ. ಸಿರಪ್ ಅಂತ ಕರೀಬೇಕಾದ್ರೆ ಶೇ 66ಕ್ಕೆ ಬರಬೇಕು. ಲೆಕ್ಕ ಹಾಕಿ: 40 ಲೀಟರ್ ರಸ ಕಾಯಿಸಿದರೆ ಕೈಗೆ ಸಿಗೋದು ಒಂದು ಲೀಟರ್. ಉಳಿದ 39 ಲೀಟರ್ ಆವಿ.

ನಮ್ಮ ಕಡೆಯ ಕಬ್ಬಿನ ಹಾಲಿಗೆ ಹೋಲಿಸಿದರೆ ಇದು ಎಷ್ಟು ತೆಳು ಅಂತ ಅರ್ಥ ಆಗುತ್ತೆ. ಕಬ್ಬಿನ ಹಾಲಲ್ಲಿ ಸಕ್ಕರೆ ಇದರ ಏಳೆಂಟು ಪಟ್ಟು ಇರುತ್ತೆ. ಸಾಗರ, ಸಿರಸಿ ಕಡೆ ಆಲೆಮನೆಯಲ್ಲಿ ಕೊಪ್ಪರಿಗೆ ಮುಂದೆ ಕೂತು ಜೋನಿ ಬೆಲ್ಲ ಆಗೋದನ್ನ ನೋಡಿದವರಿಗೆ ಇಡೀ ಕೆಲಸ ಪರಿಚಿತವೇ. ತಿಂಗಳೂ ಹೆಚ್ಚು ಕಡಿಮೆ ಅದೇ. ಅಲ್ಲಿ ಆಲೆಮನೆ ಮುಗಿಯೋ ಹೊತ್ತಿಗೆ ಇಲ್ಲಿ ಒಲೆ ಹತ್ತುತ್ತೆ.

ಮೊದಲು ಮರ. ಮೇಪಲ್‌ನಲ್ಲಿ ಹಲವು ಜಾತಿ. ರೆಡ್ ಮೇಪಲ್, ಸಿಲ್ವರ್ ಮೇಪಲ್‌ನಿಂದಲೂ ಸಿರಪ್ ಮಾಡಬಹುದು, ಆದರೆ ರಾಜ ಅಂದ್ರೆ ಶುಗರ್ ಮೇಪಲ್. ಅದರ ರಸದಲ್ಲಿ ಸಕ್ಕರೆ ಜಾಸ್ತಿ. ಮೊಗ್ಗು ಒಡೆಯೋದು ತಡ, ಹಾಗಾಗಿ ರಸದ ಕಾಲವೂ ಉದ್ದ. ಎಲೆ ಉದುರಿದ ಮೇಲೆ ಯಾವ ಮರ ಯಾವುದು ಅಂತ ಹೇಳೋದು ಕಷ್ಟ. ಅದಕ್ಕೇ ಎಲೆ ಇರೋವಾಗಲೇ ಮರಕ್ಕೊಂದು ದಾರ ಕಟ್ಟಿಡೋದು ಬುದ್ಧಿವಂತಿಕೆ. ಕೆನಡಾದ ಬಾವುಟದ ಮೇಲೆ ಇದೆಯಲ್ಲ, ಆ ಥರದ ಎಲೆ.

ಈಗ ನನಗೆ ತುಂಬಾ ಇಷ್ಟವಾದ ಭಾಗಕ್ಕೆ ಬರ್ತೀನಿ. ರಸ ಯಾಕೆ ಸುರಿಯುತ್ತೆ?

ನಮ್ಮ ಕರಾವಳಿಯಲ್ಲಿ ತೆಂಗಿನ ಮರದಿಂದ ನೀರಾ ಇಳಿಸ್ತಾರೆ. ಹೊಂಬಾಳೆಯ ತುದಿ ಕೊಯ್ದರೆ ಸಿಹಿ ರಸ ತೊಟ್ಟಿಕ್ಕುತ್ತೆ, ವರ್ಷದ ಬಹುಪಾಲು ಕಾಲ. ಮೇಪಲ್ ಹಾಗಲ್ಲ. ಅದಕ್ಕೆ ಒಂದು ಷರತ್ತಿದೆ: ರಾತ್ರಿ ಸೊನ್ನೆ ಡಿಗ್ರಿಗಿಂತ ಕೆಳಗೆ ಇಳೀಬೇಕು, ಹಗಲು ಸೊನ್ನೆಗಿಂತ ಮೇಲೆ ಏರಬೇಕು. ರಾತ್ರಿ ಮೈನಸ್ 5, ಮಧ್ಯಾಹ್ನ ಪ್ಲಸ್ 5 ಇದ್ದರೆ ಹಬ್ಬ. ಹಗಲೂ ರಾತ್ರಿ ಮೈನಸ್ಸೇ ಇದ್ದರೆ ಒಂದು ಹನಿ ಬರಲ್ಲ. ಹಗಲೂ ರಾತ್ರಿ ಬೆಚ್ಚಗಿದ್ದರೂ ಎರಡು ಮೂರು ದಿನದಲ್ಲಿ ನಿಂತೇ ಹೋಗುತ್ತೆ.

ಇದರ ಗುಟ್ಟು ಗಾಳಿಯಲ್ಲಿದೆ. ಮೇಪಲ್ ಮರದ ಕಾಂಡದಲ್ಲಿ ನೀರು ಹರಿಯೋ ಕೊಳವೆಗಳ ಸುತ್ತ ಇರೋ ನಾರಿನ ಕೋಶಗಳಲ್ಲಿ ನೀರಲ್ಲ, ಗಾಳಿ ತುಂಬಿರುತ್ತೆ. ರಾತ್ರಿ ಚಳಿಗೆ ಆ ಗಾಳಿ ಕುಗ್ಗುತ್ತೆ, ನೀರು ಒಳಗೆ ನುಗ್ಗಿ ಅಲ್ಲೇ ಹೆಪ್ಪುಗಟ್ಟುತ್ತೆ. ಆ ಜಾಗ ತುಂಬೋಕೆ ಬೇರಿನಿಂದ ಇನ್ನಷ್ಟು ನೀರು ಮೇಲಕ್ಕೆ ಬರುತ್ತೆ. ಬೆಳಿಗ್ಗೆ ಬಿಸಿಲು ಬಿದ್ದು ಐಸ್ ಕರಗಿದಾಗ, ಒತ್ತಿ ಹಿಡಿದಿದ್ದ ಗಾಳಿ ಹಿಗ್ಗಿ ನೀರನ್ನು ಹೊರಗೆ ತಳ್ಳುತ್ತೆ. ಕಾಂಡದಲ್ಲಿ ಎಲ್ಲಾದರೂ ತೂತು ಇದ್ದರೆ ಅಲ್ಲಿಂದ ಟಪ್ ಟಪ್. ಹಾಗಾಗಿ ಮರ ಪ್ರತಿ ರಾತ್ರಿ ಹೀರಿಕೊಳ್ಳುತ್ತೆ, ಪ್ರತಿ ಹಗಲು ಬಿಡುತ್ತೆ. ಆ ನೀರಲ್ಲಿರೋ ಸಕ್ಕರೆ ಹೋದ ಬೇಸಿಗೆಯ ಎಲೆಗಳು ಬಿಸಿಲಲ್ಲಿ ಮಾಡಿಟ್ಟಿದ್ದು. ಮರ ಅದನ್ನು ಪಿಷ್ಟದ ರೂಪದಲ್ಲಿ ಕೂಡಿಟ್ಟು, ಚಳಿಯಲ್ಲಿ ಸಕ್ಕರೆಯಾಗಿ ಬದಲಾಯಿಸಿಕೊಂಡಿರುತ್ತೆ. ವಸಂತದಲ್ಲಿ ಹೊಸ ಎಲೆ ಬಿಡೋಕೆ ಅದು ಇಟ್ಟುಕೊಂಡಿರೋ ಬುತ್ತಿ. ನಾವು ಅದರಲ್ಲಿ ಸ್ವಲ್ಪ ಪಾಲು ತಗೊಳ್ತಾ ಇದೀವಿ. ಈ ಮಾತು ನೆನಪಿಟ್ಕೊಳ್ಳಿ, ಮತ್ತೆ ಬರ್ತೀನಿ.

ತೂತು ಕೊರೆಯೋದು ದೊಡ್ಡ ವಿದ್ಯೆ ಏನಲ್ಲ. ಸಾಮಾನ್ಯ ಡ್ರಿಲ್, 8 ಮಿಲಿಮೀಟರ್ ಬಿಟ್. ಎದೆ ಮಟ್ಟದಲ್ಲಿ, ರಸ ಹೊರಗೆ ಇಳಿಯೋ ಹಾಗೆ ಸ್ವಲ್ಪ ಮೇಲ್ಮುಖವಾಗಿ, ನಾಲ್ಕು ಸೆಂಟಿಮೀಟರ್ ಆಳ. ಹೊರಗೆ ಬರೋ ಪುಡಿ ಬಿಳಿ ಅಥವಾ ಕೆನೆ ಬಣ್ಣ ಇರಬೇಕು. ಕಂದು ಪುಡಿ ಬಂದರೆ ಅಲ್ಲಿ ಜೀವ ಇರೋ ಮರ ಇಲ್ಲ ಅಂತ ಅರ್ಥ. ಆಮೇಲೆ ಸ್ಪೈಲ್ ಅನ್ನೋ ಪುಟ್ಟ ನಲ್ಲಿಯನ್ನು ಸುತ್ತಿಗೆಯಿಂದ ಮೆಲ್ಲಗೆ ತಟ್ಟಿ ಕೂರಿಸಬೇಕು. ಜೋರಾಗಿ ಹೊಡೆದರೆ ಕಾಂಡ ಸೀಳುತ್ತೆ. ಕೆಳಗೆ ಮುಚ್ಚಳ ಇರೋ ಬಕೆಟ್. ಒಂದು ಎಚ್ಚರಿಕೆ: ಹಳೇ ಸಾಮಾನಿನ ಅಂಗಡಿಗಳಲ್ಲಿ ಚೆಂದದ ತಗಡಿನ ಬಕೆಟ್‌ಗಳು ಸಿಗ್ತವೆ, ಫೋಟೋಗೆ ಬಹಳ ಚೆನ್ನಾಗಿರುತ್ತೆ. ಅವುಗಳ ಬೆಸುಗೆಯಲ್ಲಿ ಸೀಸ ಇರಬಹುದು. ಅದರಲ್ಲಿ ರಸ ಹಿಡೀಬೇಡಿ.

ಮೊದಲ ವರ್ಷ ಊರಿಗೆ ವಿಡಿಯೋ ಕಾಲ್ ಮಾಡಿ ಇದನ್ನೆಲ್ಲ ತೋರಿಸಿದೆ. ಅಪ್ಪಯ್ಯ ಅಡಿಕೆ ತೋಟದ ಮನುಷ್ಯ. ಬಕೆಟ್ ನೋಡಲಿಲ್ಲ, ರಸ ನೋಡಲಿಲ್ಲ. "ಮರಕ್ಕೆ ಏನೂ ಆಗಲ್ವೇನೋ?" ಅಂದ್ರು.

ಸರಿಯಾದ ಪ್ರಶ್ನೆ. ಉತ್ತರ: ಆಗುತ್ತೆ. ತೂತು ಒಂದು ಗಾಯವೇ. ಮನುಷ್ಯನ ಚರ್ಮದ ಹಾಗೆ ಮರದ ಗಾಯ ವಾಸಿಯಾಗಲ್ಲ. ಮರ ಆ ಭಾಗವನ್ನು ಒಳಗಿನಿಂದ ಗೋಡೆ ಕಟ್ಟಿ ಬೇರೆ ಮಾಡಿಬಿಡುತ್ತೆ. ಮೇಲೆ ತೊಗಟೆ ಮುಚ್ಚಿಕೊಂಡರೂ ಒಳಗೆ ತೂತಿನ ಮೇಲೂ ಕೆಳಗೂ ಕಂದು ಬಣ್ಣದ ಒಂದು ಪಟ್ಟಿ ಶಾಶ್ವತವಾಗಿ ಉಳಿಯುತ್ತೆ. ಆ ಪಟ್ಟಿಯಲ್ಲಿ ಮತ್ತೆಂದೂ ನೀರು ಹರಿಯಲ್ಲ. ಹಾಗಾಗಿ ಪ್ರತಿ ವರ್ಷ ಹಳೇ ತೂತಿನಿಂದ ದೂರ ಸರಿದು ಕೊರೀಬೇಕು. ಮರ ಪ್ರತಿ ವರ್ಷ ಹೊಸ ಪದರ ಬೆಳೆಸ್ತಾ ಇದ್ದರೆ ಲೆಕ್ಕ ಸರಿಹೋಗುತ್ತೆ. ಕಾಂಡದ ಅಡ್ಡಳತೆ 25 ಸೆಂಟಿಮೀಟರ್ ಆಗೋವರೆಗೆ ಮುಟ್ಟಬಾರದು. ಆ ಗಾತ್ರಕ್ಕೆ ಬರೋಕೆ ಕಾಡಿನ ಶುಗರ್ ಮೇಪಲ್‌ಗೆ ಹಲವು ದಶಕ ಬೇಕಾಗುತ್ತೆ. 45 ಸೆಂಟಿಮೀಟರ್ ದಾಟಿದ ಆರೋಗ್ಯವಂತ ಮರಕ್ಕೆ ಎರಡು ತೂತು ನಡೆಯುತ್ತೆ. ಮೂರು ಹಾಕೋರನ್ನೂ ನೋಡಿದೀನಿ. ನಾನು ಹಾಕಲ್ಲ.

2021ರ ಬೇಸಿಗೆಯಲ್ಲಿ ಒಂಟಾರಿಯೋದಲ್ಲಿ ಸ್ಪಾಂಜಿ ಮಾತ್ ಅನ್ನೋ ಪತಂಗದ ಕಂಬಳಿಹುಳುಗಳ ಕಾಟ ದಾಖಲೆ ಮಟ್ಟಕ್ಕೆ ಹೋಗಿತ್ತು. ಜೂನ್ ತಿಂಗಳಲ್ಲಿ ನಮ್ಮ ದೊಡ್ಡ ಮರ ಬೋಳು. ಕೆಳಗೆ ನಿಂತರೆ ಹುಳುಗಳು ಎಲೆ ತಿನ್ನೋ ಸದ್ದು, ಹಿಕ್ಕೆ ಉದುರೋ ಸದ್ದು, ಸಣ್ಣ ಮಳೆ ಬಂದ ಹಾಗೆ. ಜುಲೈನಲ್ಲಿ ಮರ ಮತ್ತೆ ಚಿಗುರಿತು. ನೋಡೋಕೆ ಖುಷಿ, ಆದರೆ ಎರಡನೇ ಸಲದ ಎಲೆ ಬಂದಿದ್ದು ಅದೇ ಬುತ್ತಿಯಿಂದ. ಮುಂದಿನ ಮಾರ್ಚ್‌ನಲ್ಲಿ ಏನು ಮಾಡೋದು? ಪಕ್ಕದ ಮನೆಯ ಹಿರಿಯರು, ಐವತ್ತು ವರ್ಷದಿಂದ ಸಿರಪ್ ಮಾಡ್ತಿರೋರು, ಅವರ ಬೇಲಿ ಹತ್ತಿರ ಬಂದು ಮರ ನೋಡಿ ತಲೆ ಅಲ್ಲಾಡಿಸಿದ್ರು. 2022ರಲ್ಲಿ ದೊಡ್ಡ ಮರಕ್ಕೆ ಡ್ರಿಲ್ ತಾಗಿಸಲಿಲ್ಲ. ಆ ವರ್ಷ ಕ್ವೆಬೆಕ್‌ನಲ್ಲಿ ಭರ್ಜರಿ ಇಳುವರಿ, 21.1 ಕೋಟಿ ಪೌಂಡ್. ನಮಗೆ ಚಿಕ್ಕ ಮರದ ಒಂದು ನಲ್ಲಿಯಿಂದ ಮುಕ್ಕಾಲು ಲೀಟರ್.

ರಸ ಸಿಕ್ಕಿತು ಅಂದ್ಕೊಳ್ಳಿ. ಅದನ್ನು ಹಾಲಿನ ಹಾಗೆ ನೋಡ್ಕೋಬೇಕು. ತಣ್ಣಗಿಡಬೇಕು, ಬೇಗ ಕಾಯಿಸಬೇಕು. ನಾವು ಡಬ್ಬಿಗಳನ್ನ ಹಿಮದಲ್ಲಿ ಹೂತಿಡ್ತೀವಿ, ಫ್ರಿಜ್ ಖರ್ಚಿಲ್ಲ. ಒಂದು ನಲ್ಲಿಯಿಂದ ಇಡೀ ಕಾಲಕ್ಕೆ ಸುಮಾರು 40 ಲೀಟರ್ ಸಿಗುತ್ತೆ ಅಂತ ಇಟ್ಕೊಳ್ಳಿ. ನಮ್ಮದು ಮೂರು ನಲ್ಲಿ.

ಕಾಯಿಸೋದು ಹೊರಗೆ. ದಯವಿಟ್ಟು ಅಡುಗೆಮನೆಯಲ್ಲಿ ಬೇಡ. ನೂರು ಲೀಟರ್‌ಗಿಂತ ಹೆಚ್ಚು ನೀರು ಆವಿಯಾಗಿ ನಿಮ್ಮ ಗೋಡೆ, ಛಾವಣಿ, ಕಿಟಕಿ ಮೇಲೆ ಕೂರುತ್ತೆ. ನಾವು ಸಿಮೆಂಟ್ ಇಟ್ಟಿಗೆ ಜೋಡಿಸಿ ಒಲೆ ಮಾಡ್ಕೊಂಡಿದೀವಿ. ಮೇಲೆ ಮದುವೆ ಊಟದಲ್ಲಿ ಪಲ್ಯ ಇಡ್ತಾರಲ್ಲ, ಆ ಥರದ ಅಗಲ ಸ್ಟೀಲ್ ಟ್ರೇ. ಆಳವಾದ ಪಾತ್ರೆಗಿಂತ ಅಗಲದ್ದೇ ಮೇಲು, ಆವಿ ಬೇಗ ಹೋಗುತ್ತೆ. ನಮ್ಮ ಒಲೆಯಲ್ಲಿ ಗಂಟೆಗೆ ನಾಲ್ಕೈದು ಲೀಟರ್ ಇಳಿಯುತ್ತೆ. ಅಂದ್ರೆ ಒಂದು ಲೀಟರ್ ಸಿರಪ್‌ಗೆ ಹೆಚ್ಚು ಕಡಿಮೆ ಒಂದು ಇಡೀ ದಿನ ಬೆಂಕಿ ಮುಂದೆ. ನಿಮ್ಮ ಗಂಟೆಗೆ ಕೂಲಿ ಹಾಕಿದರೆ ಅಂಗಡಿಯಿಂದ ತರೋದೇ ಅಗ್ಗ. ಯಾರಾದರೂ ದುಡ್ಡು ಉಳಿಸೋಕೆ ಇದನ್ನ ಮಾಡ್ತೀನಿ ಅಂದ್ರೆ ನಂಬಬೇಡಿ. ಹೊರಗೆ ಬೆಂಕಿ ಹಾಕೋಕೆ ಕೆಲವು ಊರುಗಳಲ್ಲಿ ಅನುಮತಿ ಬೇಕು, ಅದನ್ನೂ ವಿಚಾರಿಸಿಕೊಳ್ಳಿ.

ಗಂಟೆಗಟ್ಟಲೆ ಏನೂ ಆಗಲ್ಲ. ಕೊನೆಯ ಇಪ್ಪತ್ತು ನಿಮಿಷದಲ್ಲಿ ಎಲ್ಲಾ ಆಗಿಹೋಗುತ್ತೆ. ಅದಕ್ಕೇ ಎರಡು ಮೂರು ಲೀಟರ್‌ಗೆ ಇಳಿದಾಗ ಒಳಗೆ ತಂದು ಗ್ಯಾಸ್ ಮೇಲೆ ಇಡ್ತೀವಿ. ಈಗ ನೊರೆ ಉಕ್ಕುತ್ತೆ. ಒಂದು ಚಿಟಿಕೆ ಬೆಣ್ಣೆ ಹಾಕಿ, ನೊರೆ ಕುಸಿಯೋದನ್ನ ನೋಡಿ. ಸಿರಪ್ ಆಯ್ತು ಅಂತ ಗೊತ್ತಾಗೋದು ಥರ್ಮಾಮೀಟರ್‌ನಿಂದ: ನೀರು ಕುದಿಯೋ ಬಿಂದುವಿಗಿಂತ ನಾಲ್ಕು ಡಿಗ್ರಿ ಮೇಲೆ. ಸಮುದ್ರ ಮಟ್ಟದಲ್ಲಿ 104 ಡಿಗ್ರಿ. ಆದರೆ ನೀರು ಎಲ್ಲಾ ಕಡೆ 100ಕ್ಕೇ ಕುದಿಯಲ್ಲ. ಬೆಂಗಳೂರಲ್ಲಿ 97ರ ಹತ್ತಿರ ಕುದಿಯುತ್ತೆ. ಹಾಗಾಗಿ ಅದೇ ದಿನ ಬರೀ ನೀರು ಕುದಿಸಿ ನೋಡ್ಕೊಂಡು ನಾಲ್ಕು ಸೇರಿಸಬೇಕು. ಥರ್ಮಾಮೀಟರ್ ಇಲ್ಲದ ಕಾಲದಲ್ಲಿ ಸೌಟು ನೋಡ್ತಿದ್ರು. ಸೌಟಿನ ಅಂಚಿನಿಂದ ಹನಿ ಹನಿಯಾಗಿ ಬೀಳೋದು ಬಿಟ್ಟು, ಹನಿಗಳು ಕೂಡಿ ಸಣ್ಣ ಪರದೆ ಹಾಗೆ ಜಾರಿದರೆ ಆಯ್ತು. ಎಳೆ ಪಾಕ ನೋಡೋಕೆ ಬರೋ ನಮ್ಮ ಅಮ್ಮಂದಿರಿಗೆ ಇದನ್ನ ಹೇಳಿಕೊಡಬೇಕಾಗಿಲ್ಲ. ಸ್ವಲ್ಪ ಮುಂಚೆ ಇಳಿಸಿದರೆ ಬಾಟಲಿಯಲ್ಲಿ ಹುಳಿ ಹಿಡಿಯುತ್ತೆ. ಜಾಸ್ತಿ ಕಾಯಿಸಿದರೆ ತಳದಲ್ಲಿ ಕಲ್ಲುಸಕ್ಕರೆ. ಮೈಮರೆತರೆ ಸೀದುಹೋಗುತ್ತೆ.

ಬಿಸಿ ಇರೋವಾಗಲೇ ಉಣ್ಣೆ ಬಟ್ಟೆಯಲ್ಲಿ ಸೋಸಬೇಕು. ಮರಳಿನ ಹಾಗೆ ಏನೋ ಉಳಿಯುತ್ತೆ, ಅದು ರಸದಲ್ಲಿದ್ದ ಖನಿಜಾಂಶ. ತಿಂದರೆ ತೊಂದರೆ ಇಲ್ಲ, ಬಾಯಲ್ಲಿ ಕರಕರ ಅನ್ನುತ್ತೆ ಅಷ್ಟೇ. ಬಿಸಿಬಿಸಿಯಾಗೇ ಬಾಟಲಿಗೆ ತುಂಬಿ ಮುಚ್ಚಳ ಹಾಕಬೇಕು, ತೆರೆದ ಮೇಲೆ ಫ್ರಿಜ್‌ನಲ್ಲಿಡಬೇಕು.

ಸಾಮಾನ್ಯವಾಗಿ ಮೊದಲ ವಾರದ ಸಿರಪ್ ಬಂಗಾರದ ಬಣ್ಣ, ಕೊನೆ ವಾರದ್ದು ಕಪ್ಪು ಕಾಫಿ ಥರ. ದಿನ ಬೆಚ್ಚಗಾದಂತೆ ರಸದಲ್ಲಿ ಸೂಕ್ಷ್ಮಜೀವಿಗಳು ಹೆಚ್ಚಿ ಸಕ್ಕರೆಯನ್ನು ಒಡೆಯುತ್ತವೆ, ಒಡೆದ ಸಕ್ಕರೆ ಬೇಗ ಕಂದಾಗುತ್ತೆ. ಅಂಗಡಿಯವರು ತಿಳಿ ಬಣ್ಣವನ್ನ ಹೊಗಳ್ತಾರೆ. ನನ್ನ ಓಟು ಕಪ್ಪಿಗೆ, ಬೆಲ್ಲದ ರುಚಿಗೆ ಹತ್ತಿರ. ಮೊಗ್ಗು ಒಡೆಯೋಕೆ ಶುರುವಾದರೆ ಮಾತ್ರ ರಸಕ್ಕೆ ಒಂದು ಥರ ಕೆಟ್ಟ ವಾಸನೆ ಬರುತ್ತೆ. ಅವತ್ತು ನಲ್ಲಿ ಕೀಳಬೇಕು. ತೂತಿಗೆ ಮೇಣ, ಮಣ್ಣು ಏನೂ ಮೆತ್ತಬಾರದು, ಮರಕ್ಕೇ ಬಿಡಬೇಕು.

ಇದೆಲ್ಲ ಬಿಳಿಯರು ಕಂಡುಹಿಡಿದದ್ದು ಅಂದ್ಕೋಬೇಡಿ. ಯುರೋಪಿನವರು ಬರೋದಕ್ಕೆ ಮುಂಚೆಯೇ ಅನಿಶಿನಾಬೆ, ಹೋಡೆನೊಶೋನಿ ಮುಂತಾದ ಮೂಲನಿವಾಸಿಗಳು ಈ ರಸ ಇಳಿಸಿ ಸಕ್ಕರೆ ಮಾಡ್ತಿದ್ರು. ಬರ್ಚ್ ಮರದ ತೊಗಟೆಯ ಪಾತ್ರೆಗಳಲ್ಲಿ ಹಿಡಿದು, ಸಿರಪ್ ಹಂತ ದಾಟಿಸಿ ಗಟ್ಟಿ ಸಕ್ಕರೆ ಮಾಡಿದರೆ ವರ್ಷವಿಡೀ ಕೆಡಲ್ಲ. ಅನಿಶಿನಾಬೆ ಪಂಚಾಂಗದಲ್ಲಿ ರಸ ಕಾಯಿಸೋ ಕೆಲಸದ ಹೆಸರಲ್ಲೇ ಒಂದು ತಿಂಗಳಿದೆ.

ಇವತ್ತು ಜಗತ್ತಿನ ಮೇಪಲ್ ಸಿರಪ್‌ನಲ್ಲಿ ಶೇ 70ರಷ್ಟು ಬರೋದು ಕ್ವೆಬೆಕ್ ಒಂದರಿಂದಲೇ. ನಮ್ಮಲ್ಲಿ ಸರ್ಕಾರ ಅಕ್ಕಿ, ಗೋಧಿ ದಾಸ್ತಾನು ಮಾಡೋ ಹಾಗೆ ಅಲ್ಲಿಯ ಉತ್ಪಾದಕರ ಸಂಘ ಸಿರಪ್ ದಾಸ್ತಾನು ಮಾಡುತ್ತೆ. 2011-12ರಲ್ಲಿ ಆ ದಾಸ್ತಾನಿನಿಂದ ಸುಮಾರು 3,000 ಟನ್ ಸಿರಪ್ ಕಳುವಾಯ್ತು. ಬೆಲೆ 1.8 ಕೋಟಿ ಕೆನಡಿಯನ್ ಡಾಲರ್. ಕಳ್ಳರು ಪೀಪಾಯಿಗಳಿಂದ ಸಿರಪ್ ಹೀರಿ ನೀರು ತುಂಬಿಸಿಟ್ಟಿದ್ರು. ಆಮೇಲಾಮೇಲೆ ಅದಕ್ಕೂ ಬೇಜಾರಾಗಿ ಖಾಲಿ ಬಿಟ್ಟರು. ತಪಾಸಣೆಗೆ ಬಂದವರು ಪೀಪಾಯಿ ಮೇಲೆ ಹತ್ತಿದಾಗ ಒಂದು ಅಲುಗಾಡಿದ್ದರಿಂದ ಗುಟ್ಟು ಬಯಲಾಯ್ತು.

ದಾಸ್ತಾನು ಯಾಕೆ ಬೇಕು ಅಂದ್ರೆ, ಹವಾಮಾನವನ್ನ ನಂಬೋ ಹಾಗಿಲ್ಲ. 2022-23ರ ಚಳಿಗಾಲದಲ್ಲಿ ಒಟ್ಟಾವಾದ ರಿಡೋ ಕಾಲುವೆ ಜನ ಸ್ಕೇಟಿಂಗ್ ಮಾಡೋ ಮಟ್ಟಕ್ಕೆ ಹೆಪ್ಪುಗಟ್ಟಲೇ ಇಲ್ಲ. 1970ರ ದಶಕದ ಆರಂಭದಿಂದ ಹಾಗಾಗಿದ್ದು ಅದೇ ಮೊದಲು. ಆ ವಸಂತದಲ್ಲಿ ಕ್ವೆಬೆಕ್‌ನ ಇಳುವರಿ 21.1 ಕೋಟಿಯಿಂದ 12.4 ಕೋಟಿ ಪೌಂಡ್‌ಗೆ ಬಿತ್ತು. ಮುಂದಿನ ಚಳಿಗಾಲ ಕೆನಡಾದ ದಾಖಲೆಯಲ್ಲೇ ಅತಿ ಬೆಚ್ಚಗಿನದು. ಎಲ್ಲರೂ ತಲೆ ಮೇಲೆ ಕೈ ಹೊತ್ತುಕೊಂಡಿದ್ರೆ, ಇಳುವರಿ 23.9 ಕೋಟಿ, ದಾಖಲೆ! ಯಾಕೆಂದ್ರೆ ರಸದ ಕಾಲ ಬೇಗ ಶುರುವಾಯ್ತು, ರಾತ್ರಿ ಚಳಿ ಹಗಲು ಬಿಸಿಲಿನ ಆಟ ತುಂಬಾ ದಿನ ನಡೆಯಿತು. ಚಳಿಗಾಲ ಬೆಚ್ಚಗಾದರೆ ಸಿರಪ್ ಕಡಿಮೆ ಅಂತ ಒಂದೇ ಸಾಲಲ್ಲಿ ಹೇಳೋಕಾಗಲ್ಲ. ಬದಲಾಗಿರೋದು ದಿನಾಂಕ. ಪಕ್ಕದ ಮನೆಯ ಹಿರಿಯರು ಮಾರ್ಚ್ ಮೊದಲ ವಾರ ಅಂತ ಕ್ಯಾಲೆಂಡರ್‌ನಲ್ಲಿ ಗುರುತು ಹಾಕೋರು. ಈಗ ನಾವಿಬ್ಬರೂ ಜನವರಿ ಕೊನೆಯಿಂದಲೇ ದಿನಾ ಮೊಬೈಲ್‌ನಲ್ಲಿ ರಾತ್ರಿಯ ತಾಪಮಾನ ನೋಡ್ತಾ ಕೂರ್ತೀವಿ. ಬೇಗ ಕೊರೆದರೆ ನಿಜವಾದ ಕಾಲ ಬರೋ ಹೊತ್ತಿಗೆ ತೂತು ಒಣಗಿರುತ್ತೆ. ತಡ ಮಾಡಿದರೆ ಒಳ್ಳೇ ರಸ ಹೋಗಿರುತ್ತೆ. ವರ್ಷಕ್ಕೆ ಒಂದೇ ಸಲ ಕೊರೆಯೋ ಅವಕಾಶ.

ಬೆಂಗಳೂರಲ್ಲಿ, ಮೈಸೂರಲ್ಲಿ ಕೊಳ್ಳೋರಿಗೆ ಒಂದು ಮಾತು. ಬಾಟಲಿ ಮೇಲೆ ಮೇಪಲ್ ಫ್ಲೇವರ್ಡ್ ಅಂತಲೋ ಪ್ಯಾನ್‌ಕೇಕ್ ಸಿರಪ್ ಅಂತಲೋ ಇದ್ದರೆ ಅದು ಸಾಮಾನ್ಯವಾಗಿ ಸಕ್ಕರೆ ಪಾಕಕ್ಕೆ ವಾಸನೆ ಬೆರೆಸಿದ್ದು, ಅದಕ್ಕೂ ಮರಕ್ಕೂ ಸಂಬಂಧ ಇಲ್ಲ. ನಿಜವಾದದ್ದರ ಹಿಂಬದಿಯಲ್ಲಿ ಪದಾರ್ಥ ಅಂತ ಇರೋದು ಒಂದೇ. ಇನ್ನು ಇದು ಸಕ್ಕರೆಗಿಂತ ಆರೋಗ್ಯಕರ ಅನ್ನೋ ರೀಲ್ಸ್ ನೋಡಿ ಡಯಾಬಿಟಿಸ್ ಇರೋರು ಮೋಸ ಹೋಗಬೇಡಿ, ಮೂರನೇ ಎರಡು ಭಾಗ ಅದು ಸಕ್ಕರೆಯೇ. ಅಷ್ಟು ದುಬಾರಿ ಬಾಟಲಿ ಬೇಡ ಅನ್ನಿಸಿದರೆ ಮಲೆನಾಡಿನ ಕಡೆ ಹೋದಾಗ ಒಂದು ಡಬ್ಬಿ ಜೋನಿ ಬೆಲ್ಲ ತನ್ನಿ. ಪ್ಯಾನ್‌ಕೇಕ್‌ಗೆ ನನ್ನ ಸಿರಪ್ ಸರಿ, ತೆಳ್ಳೇವಿಗೆ ಮಾತ್ರ ನನಗೆ ಇವತ್ತಿಗೂ ಅದೇ ಬೇಕು.