ಬಿಸಿಯೂಟದ ಸಾಲಿನಲ್ಲಿ ಧರ್ಮ, ಕಾನೂನು, ನೀತಿ

ದೊಡ್ಡಬಳ್ಳಾಪುರ, ನೆಲಮಂಗಲ ಕಡೆಯ ಯಾವುದಾದರೂ ಸರ್ಕಾರಿ ಶಾಲೆಯ ಬಿಸಿಯೂಟದ ಸಾಲನ್ನ ನೆನೆಸ್ಕೊಳ್ಳಿ. ಒಬ್ಬಳು ಮೊಟ್ಟೆ ಇಸ್ಕೊಂಡು ಹೋಗ್ತಾಳೆ. ಅವಳ ಹಿಂದಿರೋ ಹುಡುಗ ಬಾಳೆಹಣ್ಣು ಕೇಳ್ತಾನೆ. ಅವನ ಮನೆಯಲ್ಲಿ ಬಾಡೂಟ ಉಂಟು, ಆದ್ರೆ ಸೋಮವಾರ ಮಾತ್ರ ಇಲ್ಲ. ಇನ್ನೊಬ್ಬನಿಗೆ ಶ್ರಾವಣ ಕಳೆಯೋವರೆಗೂ ಬೇಡ. ಮತ್ತೊಬ್ಬಳ ಮನೆಯವರು ಯಾವತ್ತೂ ಮುಟ್ಟಿದವರಲ್ಲ.

ಕಾನೂನು ಏನು ಹೇಳುತ್ತೆ? 2001ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್, ಸರ್ಕಾರಿ ಮತ್ತು ಅನುದಾನಿತ ಪ್ರಾಥಮಿಕ ಶಾಲೆಗಳಲ್ಲಿ ಬೇಯಿಸಿದ ಊಟ ಕೊಡಲೇಬೇಕು ಅಂತ ಆದೇಶಿಸಿತು. 2002ರಲ್ಲಿ ನಮ್ಮಲ್ಲಿ ಅಕ್ಷರ ದಾಸೋಹ ಅನ್ನೋ ಬಿಸಿಯೂಟ ಯೋಜನೆ ಶುರುವಾಯ್ತು. 2013ರ ಆಹಾರ ಭದ್ರತಾ ಕಾಯ್ದೆ ಬಂದ ಮೇಲೆ ಆ ಊಟ ಮಗುವಿನ ಹಕ್ಕು. ಮೊಟ್ಟೆ 2021ರ ಡಿಸೆಂಬರ್‌ನಲ್ಲಿ ಉತ್ತರದ ಕೆಲವು ಜಿಲ್ಲೆಗಳಿಗೆ ಬಂತು, ಮರುವರ್ಷ ಇಡೀ ರಾಜ್ಯಕ್ಕೆ. 2024ರಿಂದ ಅಜೀಂ ಪ್ರೇಮ್‌ಜಿ ಫೌಂಡೇಶನ್ ನೆರವಿನಲ್ಲಿ ವಾರಕ್ಕೆ ಆರು ದಿನ. ತಿನ್ನದವರಿಗೆ ಬಾಳೆಹಣ್ಣು.

2021ರಲ್ಲಿ ಕೆಲವು ಮಠಾಧೀಶರು ಮೊಟ್ಟೆ ಕೊಡೋದನ್ನ ವಿರೋಧಿಸಿದರು. ಧರ್ಮದ ಮಾತು ಅಂತ ತಳ್ಳಿಹಾಕೋಕೆ ನನಗೆ ಮನಸ್ಸಿಲ್ಲ. ನೆಲಮಂಗಲ ದಾಟಿ ತುಮಕೂರಿನ ಹಾದಿ ಹಿಡಿದರೆ ಸಿದ್ಧಗಂಗಾ ಮಠ ಸಿಗುತ್ತೆ. ಸರ್ಕಾರ ಬಿಸಿಯೂಟದ ಯೋಚನೆ ಮಾಡೋಕೂ ಎಷ್ಟೋ ಮೊದಲೇ ಅಲ್ಲಿ ಬಡಮಕ್ಕಳಿಗೆ ಜಾತಿ ನೋಡದೆ ಅನ್ನ, ವಿದ್ಯೆ ಕೊಟ್ಟದ್ದು ಧರ್ಮವೇ. ಆದ್ರೆ ನಾನು ಮೊಟ್ಟೆ ಬಿಟ್ಟರೆ ಅದು ನನ್ನ ವ್ರತ. ಪಕ್ಕದ ಮಗುವಿನ ತಟ್ಟೆಯಿಂದ ತೆಗೆಸೋ ಅಧಿಕಾರ ಆ ವ್ರತದಿಂದ ನನಗೆ ಬರಲ್ಲ.

ಇದು ಎಷ್ಟು ಸೂಕ್ಷ್ಮ ಅನ್ನೋದನ್ನ ಮಂಡ್ಯ ತಾಲ್ಲೂಕಿನ ಆಲಕೆರೆಯಲ್ಲಿ ನೋಡಿದ್ವಿ. 2025ರ ಜುಲೈ. ಊರಿನ ಶಾಲೆಯ ಹತ್ತಿರವೇ ವೀರಭದ್ರೇಶ್ವರನ ಗುಡಿ. ಗುಡಿ ಪಕ್ಕ ಮೊಟ್ಟೆ ಬೇಯಿಸಬೇಡಿ ಅಂತ ಒಂದಷ್ಟು ಪೋಷಕರು, ನಮ್ಮ ಮಕ್ಕಳಿಗೆ ಬೇಕು ಅಂತ ಇನ್ನೊಂದಷ್ಟು ಜನ. ಕೊನೆಗೆ ಎಷ್ಟೋ ಮಕ್ಕಳ ಟಿಸಿ ತೆಗೆಸಿ ಬೇರೆ ಶಾಲೆಗೆ ಸೇರಿಸಿದರು. ಮಕ್ಕಳಿಗೆ ಮೊಟ್ಟೆ ಕೊಡಬೇಕು ಅನ್ನೋದರಲ್ಲಿ ನನಗೆ ಅನುಮಾನವಿಲ್ಲ. ಆದರೂ ಒಂದೇ ಬೆಂಚಿನಲ್ಲಿ ಕೂತ ಮಕ್ಕಳು ಬೇರೆಯಾದರಲ್ಲ, ಆ ನಷ್ಟವನ್ನ ಯಾವ ಸುತ್ತೋಲೆ ತುಂಬಿಕೊಡುತ್ತೆ?

ನೀತಿಪಾಠ ಬೇಕಾಗೋದು ಇಲ್ಲೇ. ಅದರಲ್ಲಿ ಧರ್ಮದ ಮಾತು ಬರಬಹುದಾ? ಸಂವಿಧಾನದ 28ನೇ ವಿಧಿ ಪ್ರಕಾರ, ಪೂರ್ತಿ ಸರ್ಕಾರದ ದುಡ್ಡಲ್ಲಿ ನಡೆಯೋ ಶಾಲೆಯಲ್ಲಿ ಧಾರ್ಮಿಕ ಬೋಧನೆ ಕೂಡದು. ಆದ್ರೆ ಧರ್ಮಗಳ ಬಗ್ಗೆ ತಿಳಿಸೋದಕ್ಕೆ ಅಡ್ಡಿಯಿಲ್ಲ ಅಂತ 2002ರಲ್ಲಿ ಅರುಣಾ ರಾಯ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಹಾಗಾಗಿ ಮೇಷ್ಟ್ರು ತರಗತಿಯಲ್ಲಿ ಧೈರ್ಯವಾಗಿ ಕೇಳಬಹುದು: ನೀನು ಸೋಮವಾರ ಯಾಕೆ ತಿನ್ನಲ್ಲ? ಅವಳು ತಿಂದರೆ ನಿನಗೇನು ತೊಂದರೆ? ಮಕ್ಕಳೇ ಉತ್ತರ ಹುಡುಕಲಿ.

ಪೋಷಕರೂ ಮುಂದಿನ ಎಸ್‌ಡಿಎಂಸಿ (ಶಾಲಾಭಿವೃದ್ಧಿ ಸಮಿತಿ) ಸಭೆಗೆ ಹೋಗಿ ವಿಚಾರಿಸಿ. ಮೊಟ್ಟೆ ತಿನ್ನೋರನ್ನ ಬೇರೆ ಕೂರಿಸ್ತಿದ್ದೀರಾ? ಬಾಳೆಹಣ್ಣು ದಿನಾ ಇರುತ್ತಾ? ಬೇಕೋ ಬೇಡವೋ ಅಂತ ಮಗುವನ್ನೇ ಕೇಳ್ತೀರಾ, ಇಲ್ಲಾ ಜಾತಿ ನೋಡಿ ನೀವೇ ತೀರ್ಮಾನ ಮಾಡ್ತೀರಾ?